ಎಡೆಯಲ್ಲಿ ಕೂತ ಕೋಶಗಳು, ಇಂಗ್ಲಿಷಿನಲ್ಲಿ ಕೂತ ರಿಪೋರ್ಟುಗಳು

ಕಲಬುರಗಿಯಲ್ಲಿ ಸೇಡಂ ರಸ್ತೆ ಅಂದರೆ ಓದಿನ ರಸ್ತೆಯೂ ಹೌದು, ಕಾಯಿಲೆಯ ರಸ್ತೆಯೂ ಹೌದು. ಗಿಮ್ಸ್ ಇರೋದು ಅಲ್ಲೇ, ಇಎಸ್ಐಸಿ ಮೆಡಿಕಲ್ ಕಾಲೇಜು ಅಲ್ಲೇ, ಗುಲಬರ್ಗಾ ವಿಶ್ವವಿದ್ಯಾಲಯದ ಜ್ಞಾನಗಂಗಾ ಕ್ಯಾಂಪಸ್ಸೂ ಅದೇ ರಸ್ತೆಗೆ. ನಡುನಡುವೆ ಲ್ಯಾಬು, ಮೆಡಿಕಲ್ ಶಾಪು, ಜೆರಾಕ್ಸ್ ಅಂಗಡಿ, ಚಹಾದ ಡಬ್ಬಿ. ಅಲ್ಲಿ ಓಡಾಡೋ ಜನರ ಕೈ ನೋಡಿ, ಹತ್ತರಲ್ಲಿ ಆರು ಜನರ ಕೈಯಲ್ಲಿ ಪ್ಲಾಸ್ಟಿಕ್ ಕವರು, ಅದರೊಳಗೊಂದು ಫೈಲು. ಫೈಲಿನೊಳಗೆ ಏನು ಬರೆದಿದೆ ಅಂತ ಹೊತ್ತುಕೊಂಡವರಿಗೇ ಗೊತ್ತಿರೋದಿಲ್ಲ.

ನನ್ನ ವಾದ ಸರಳ. ಬಯಾಪ್ಸಿ ರಿಪೋರ್ಟ್ ಕೊಡುವಾಗ ಅದರ ಜೊತೆ ಒಂದು ಪುಟ ಕನ್ನಡದಲ್ಲಿ ಇರಲೇಬೇಕು. ಉರ್ದು ಓದುವವರಿಗೆ ಉರ್ದು, ತೆಲುಗು ಓದುವವರಿಗೆ ತೆಲುಗು, ಆಗಬಹುದು. ಆದರೆ ರೋಗಿಗೆ ತಿಳಿಯೋ ಭಾಷೆಯಲ್ಲಿ ಒಂದು ಪುಟ. ಇದು ಬರೀ ಭಾಷಾಭಿಮಾನದ ಮಾತಲ್ಲ (ಅದೂ ಸ್ವಲ್ಪ ಇದೆ, ಸುಳ್ಳು ಯಾಕೆ ಹೇಳಲಿ). ಇದು ಚಿಕಿತ್ಸೆಯ ಮಾತು. ರೋಗಿಗೆ ಅರ್ಥವಾಗದ ರಿಪೋರ್ಟಿನಿಂದ ಚಿಕಿತ್ಸೆ ಹೇಗೆ ಕೆಡುತ್ತೆ ಅನ್ನೋದನ್ನ ಒಂದೇ ಜಾತಿಯ ಕೋಶಗಳನ್ನು ಇಟ್ಟುಕೊಂಡು ಹೇಳೋ ಪ್ರಯತ್ನ ಮಾಡ್ತೀನಿ. ನಾನು ಡಾಕ್ಟರ್ ಅಲ್ಲ, ಕೋಡ್ ಬರೆದು ಹೊಟ್ಟೆ ಹೊರೆಯೋನು. ನಮ್ಮ ಕಾಕಾನ ಕಾಯಿಲೆಯ ನೆವದಲ್ಲಿ ಒಂದು ವರ್ಷ ಓದಿದ್ದನ್ನು ಇಲ್ಲಿ ಹಾಕ್ತಿದ್ದೀನಿ.

ಇಂಟರ್‌ಸ್ಟಿಷಿಯಲ್ ಅನ್ನೋ ಪದ ಮೆಡಿಕಲ್ ರಿಪೋರ್ಟುಗಳಲ್ಲಿ ಬಹಳ ಕಡೆ ಬರುತ್ತೆ. ಮೂಲ ಲ್ಯಾಟಿನ್ ಅರ್ಥ, ನಡುವೆ ನಿಂತದ್ದು ಅಂತ. ನಮ್ಮ ದೇಹದ ಯಾವುದೇ ಅಂಗ ತೆಗೆದುಕೊಳ್ಳಿ, ಅಲ್ಲಿ ಮುಖ್ಯ ಕೆಲಸಗಾರ ಕೋಶಗಳು ಇರ್ತಾವೆ. ವೃಷಣದಲ್ಲಿ ವೀರ್ಯಾಣು ತಯಾರಿಸೋ ನಳಿಕೆಗಳು, ಕರುಳಿನಲ್ಲಿ ಸ್ನಾಯು, ಮೂತ್ರಪಿಂಡದಲ್ಲಿ ಸೋಸೋ ನಳಿಕೆಗಳು. ಇವುಗಳ ನಡುವಿನ ಸಂದಿನಲ್ಲಿ ಒಂದಷ್ಟು ಕೋಶಗಳು ಕೂತಿರ್ತಾವೆ. ಇವೇ ಇಂಟರ್‌ಸ್ಟಿಷಿಯಲ್ ಕೋಶಗಳು. ಮೊದಮೊದಲು ನೋಡಿದವರಿಗೆ ಇವು ಜಾಗ ತುಂಬೋಕೆ ಇರೋ ಗಾರೆಯ ಹಾಗೆ ಕಂಡಿದ್ದರೆ ಆಶ್ಚರ್ಯವಿಲ್ಲ.

ಕನ್ನಡದಲ್ಲಿ ಇದಕ್ಕೆ ಏನನ್ನೋದು? ನಾನು 'ಎಡೆಕೋಶ' ಅಂತೀನಿ. ಎಡೆ ಅಂದರೆ ನಡುವಿನ ಜಾಗ. ನಮ್ಮ ಕಡೆ ತೊಗರಿ ಹೊಲದಲ್ಲಿ ಸಾಲಿನ ನಡುವಿನ ಕಳೆ ತೆಗೆಯೋದಕ್ಕೆ ಎಡೆ ಹೊಡೆಯೋದು ಅಂತಾರೆ, ಅದರ ಸಲಕರಣೆಗೆ ಎಡೆಕುಂಟೆ ಅಂತಾರೆ. ರೈತನಿಗೆ ಸಾಲು ಎಷ್ಟು ಮುಖ್ಯವೋ ಎಡೆಯೂ ಅಷ್ಟೇ ಮುಖ್ಯ. ಎಡೆ ನೋಡದವನ ಹೊಲ ಏನಾಗುತ್ತೆ ಅಂತ ಸಂಸ್ಕೃತದ ಪಾರಿಭಾಷಿಕ ಪದ ಹುಡುಕೋರಿಗಿಂತ ಅವನಿಗೆ ಚೆನ್ನಾಗಿ ಗೊತ್ತು :-)

ಎಡೆಕೋಶಗಳಲ್ಲಿ ಬಹಳ ಹಳೆಯ ಪರಿಚಯದವು ವೃಷಣದಲ್ಲಿರೋವು. 1850ರಲ್ಲಿ ಜರ್ಮನಿಯ ಫ್ರಾನ್ಸ್ ಲೈಡಿಗ್ ಅನ್ನೋರು ಇವನ್ನು ವಿವರಿಸಿದರು, ಅದಕ್ಕೇ ಲೈಡಿಗ್ ಕೋಶ ಅಂತ ಹೆಸರು. ಸೂಕ್ಷ್ಮದರ್ಶಕದಲ್ಲಿ ನೋಡಿದರೆ ದುಂಡು ದುಂಡಾದ ನಳಿಕೆಗಳ ಅಡ್ಡಕೊಯ್ತ ಕಾಣುತ್ತೆ. ಮೂರು ನಳಿಕೆ ಕೂಡುವ ಮೂಲೆಯಲ್ಲಿ ಗುಂಪು ಗುಂಪಾಗಿ ದಪ್ಪನೆಯ, ಮೂಲೆಮೂಲೆಯಾದ, ಗುಲಾಬಿ ಬಣ್ಣದ ಕೋಶಗಳು. ಒಳಗೆ ದುಂಡನೆಯ ಕೋಶಕೇಂದ್ರ, ಸುತ್ತ ಕೊಬ್ಬಿನ ಹನಿಗಳಿದ್ದ ಖಾಲಿ ಗುಳ್ಳೆಗಳು. ಮನುಷ್ಯರಲ್ಲಿ ಕೆಲವು ಕೋಶಗಳೊಳಗೆ ಸಣ್ಣ ಕಡ್ಡಿಯಂಥ ಹರಳುಗಳೂ ಕಾಣ್ತಾವೆ. 1896ರಲ್ಲಿ ರೈಂಕೆ ಅನ್ನೋರು ಅವನ್ನು ವಿವರಿಸಿದರು, ರೈಂಕೆ ಹರಳು ಅಂತಲೇ ಹೆಸರು. ಗಂಡಸಿಗೆ ಮೀಸೆ ಬರೋದು, ದನಿ ಒಡೆಯೋದು ಈ ಮೂಲೆಯಲ್ಲಿ ಕೂತವರ ಕೆಲಸ, ಟೆಸ್ಟೋಸ್ಟೆರಾನ್ ತಯಾರಾಗೋದು ಅಲ್ಲೇ.

ಸೇಡಂ ರಸ್ತೆಗೂ ಈ ಮೂಲೆಗೂ ಸಂಬಂಧ ಇದೆ. ಗುಲಬರ್ಗಾ ವಿಶ್ವವಿದ್ಯಾಲಯದ ಪ್ರಾಣಿಶಾಸ್ತ್ರ ವಿಭಾಗದವರು ಗಿಡಮೂಲಿಕೆಗಳು ಸಂತಾನಶಕ್ತಿಯ ಮೇಲೆ ಮಾಡೋ ಪರಿಣಾಮದ ಬಗ್ಗೆ ಬಹಳ ವರ್ಷ ಕೆಲಸ ಮಾಡಿದ್ದಾರೆ. ಹಾಗಲದ ಬೀಜದ ಸಾರ ಕೊಟ್ಟ ಇಲಿಗಳಲ್ಲಿ ವೀರ್ಯಾಣು ಉತ್ಪತ್ತಿ ಕುಂಠಿತವಾಗೋದನ್ನು 1998ರಲ್ಲಿ, ಸಣಬಿನ ಬೀಜದ ಸಾರದ ಬಗ್ಗೆ 2004ರಲ್ಲಿ ಅಂತರರಾಷ್ಟ್ರೀಯ ಪತ್ರಿಕೆಗಳಲ್ಲಿ ಪ್ರಕಟಿಸಿದರು. (ಹಾಗಲಕಾಯಿ ಪಲ್ಯ ತಿನ್ನೋರು ಗಾಬರಿ ಬೀಳಬೇಡಿ, ಅದು ಸಾರ ತೆಗೆದು ಇಲಿಗೆ ಕೊಟ್ಟ ಪ್ರಯೋಗ.) ಕೆಲಸ ನಮ್ಮೂರಲ್ಲೇ ಆಯ್ತು, ಗಿಡ ನಮ್ಮ ಹೊಲದ್ದೇ, ಪ್ರಬಂಧ ಮಾತ್ರ ಇಂಗ್ಲಿಷಿನಲ್ಲಿ. ವಿಜ್ಞಾನಿಗಳು ವಿಜ್ಞಾನಿಗಳಿಗೆ ಬರೆಯೋದು ಇಂಗ್ಲಿಷಿನಲ್ಲೇ ಆಗಲಿ, ಅದಕ್ಕೆ ನನ್ನ ತಕರಾರಿಲ್ಲ. ತಕರಾರು ಇರೋದು ರೋಗಿಗೆ ಬರೆಯೋದರ ಬಗ್ಗೆ.

ಮೂತ್ರಪಿಂಡದ ನಳಿಕೆಗಳ ಎಡೆಯಲ್ಲೂ ಇಂಥ ಕೋಶಗಳಿವೆ. ರಕ್ತ ಹುಟ್ಟಿಸು ಅಂತ ಮೂಳೆಯ ಮಜ್ಜೆಗೆ ಹೇಳಿ ಕಳಿಸೋ ಎರಿತ್ರೋಪೊಯೆಟಿನ್ ಅನ್ನೋ ಹಾರ್ಮೋನು ಬರೋದು ಅಲ್ಲಿಂದಲೇ. ಡಯಾಲಿಸಿಸ್ ಮಾಡಿಸಿಕೊಳ್ಳೋರಿಗೆ ರಕ್ತ ಕಡಿಮೆಯಾಗೋದು, ಅವರಿಗೆ ಆ ಇಂಜೆಕ್ಷನ್ ಕೊಡೋದು ನೀವು ನೋಡಿರಬಹುದು. ಎಡೆಯವರು ಕೆಲಸ ಬಿಟ್ಟದ್ದೂ ಅದಕ್ಕೆ ದೊಡ್ಡ ಕಾರಣ.

ಈಗ ಹೊಟ್ಟೆಗೆ ಬರೋಣ. ಸ್ಪೇನಿನ ಸಾಂಟಿಯಾಗೊ ರಮೋನ್ ಇ ಕಹಾಲ್ ಹೆಸರು ಕೇಳಿರ್ತೀರಿ. ನರಕೋಶಗಳ ಚಿತ್ರ ಬರೆದು 1906ರಲ್ಲಿ ಗಾಲ್ಜಿ ಜೊತೆ ನೊಬೆಲ್ ಹಂಚಿಕೊಂಡವರು. ಅವರು ಹತ್ತೊಂಬತ್ತನೇ ಶತಮಾನದ ಕೊನೆಯಲ್ಲಿ ಕರುಳಿನ ಗೋಡೆಯಲ್ಲಿ ಒಂದು ವಿಚಿತ್ರ ಕೋಶ ನೋಡಿದರು. ಸಣ್ಣ ಮೈ, ಉದ್ದುದ್ದ ಕವಲೊಡೆದ ಕೈಗಳು, ಒಂದರ ಕೈ ಇನ್ನೊಂದು ಹಿಡಿದು ಬಲೆಯ ಹಾಗೆ ಹಬ್ಬಿದವು. ಅವರು ಇದನ್ನು ಒಂದು ಥರದ ಸರಳ ನರಕೋಶ ಅಂದುಕೊಂಡರು. ಅದು ನರವೂ ಅಲ್ಲ, ಸ್ನಾಯುವೂ ಅಲ್ಲ. ನರಕ್ಕೂ ಸ್ನಾಯುವಿಗೂ ಎಡೆಯಲ್ಲಿ ಕೂತದ್ದು. ಇಂದಿಗೂ ಹೆಸರು ಕಹಾಲ್ ಇಂಟರ್‌ಸ್ಟಿಷಿಯಲ್ ಕೋಶ ಅಂತಲೇ.

ಅದರ ಕೆಲಸ ಏನು ಅಂತ ಖಚಿತವಾಗಿ ತಿಳಿಯೋಕೆ ಸುಮಾರು ನೂರು ವರ್ಷ ಬೇಕಾಯ್ತು. 1982ರಲ್ಲಿ ಡೆನ್ಮಾರ್ಕಿನ ಲಾರ್ಸ್ ಥುನೆಬರ್ಗ್, ಕರುಳಿಗೆ ತಾಳ ಹಾಕೋದು ಇದೇ ಇರಬೇಕು ಅಂದರು. 1992ರಲ್ಲಿ ಜಪಾನಿನವರು ಕಿಟ್ ಅನ್ನೋ ಪ್ರೋಟೀನನ್ನು ಇಲಿಮರಿಗಳಲ್ಲಿ ತಡೆದಾಗ ಕರುಳಿನ ಚಲನೆಯೇ ಕೆಟ್ಟಿತು. 1995ರ ಹೊತ್ತಿಗೆ ಚಿತ್ರ ಸ್ಪಷ್ಟವಾಯ್ತು. ನಮ್ಮ ಜಠರ ನಿಮಿಷಕ್ಕೆ ಸುಮಾರು 3 ಸಲ, ಸಣ್ಣಕರುಳಿನ ಮೊದಲ ಭಾಗ ಸುಮಾರು 12 ಸಲ ಅಲೆಯಾಡುತ್ತಲ್ಲ, ಆ ಲೆಕ್ಕ ಹಾಕೋದು ಈ ಕೋಶಗಳು. ನಮ್ಮ ಭಾಷೆಯಲ್ಲಿ ಹೇಳೋದಾದರೆ ಪ್ರೊಸೆಸರಿಗೆ ಕ್ಲಾಕ್ ಇದ್ದ ಹಾಗೆ. ಬಹಳ ವರ್ಷ ಸಕ್ಕರೆ ಕಾಯಿಲೆ ಇದ್ದವರಲ್ಲಿ ಕೆಲವರಿಗೆ ಉಂಡದ್ದು ಜಠರದಲ್ಲೇ ನಿಂತುಬಿಡುತ್ತೆ. ಅಂಥವರ ಜಠರದಲ್ಲಿ ಈ ಕೋಶಗಳು ಕಡಿಮೆಯಾಗಿರೋದನ್ನು ನೋಡಿದ್ದಾರೆ.

ಇಷ್ಟು ಮುಖ್ಯವಾದ ಕೋಶ ಅಷ್ಟು ವರ್ಷ ಯಾಕೆ ಅಡಗಿತ್ತು? ಅದು ಕಾಣೋದಿಲ್ಲ, ಅದಕ್ಕೆ! ಲ್ಯಾಬಿನಲ್ಲಿ ನಡೆಯೋದು ಹೀಗೆ. ದೇಹದಿಂದ ತೆಗೆದ ತುಂಡನ್ನು ಫಾರ್ಮಲಿನ್‌ನಲ್ಲಿ ಇಡ್ತಾರೆ. ನಂತರ ಮೇಣದಲ್ಲಿ ಹೂತು ಬ್ಲಾಕ್ ಮಾಡ್ತಾರೆ. ಆ ಬ್ಲಾಕಿನಿಂದ ಒಂದು ಮಿಲಿಮೀಟರಿನ ಸಾವಿರದಲ್ಲಿ ನಾಲ್ಕೈದು ಪಾಲಿನಷ್ಟು ತೆಳ್ಳಗೆ ಕೊಯ್ದು, ಗಾಜಿನ ಮೇಲೆ ಹಾಸಿ, ಎರಡು ಬಣ್ಣ ಹಾಕ್ತಾರೆ. ಹೆಮಟಾಕ್ಸಿಲಿನ್ ಕೋಶಕೇಂದ್ರಕ್ಕೆ ನೀಲಿ ಕೊಡುತ್ತೆ, ಇಯೋಸಿನ್ ಉಳಿದದ್ದಕ್ಕೆ ಗುಲಾಬಿ. ಜಗತ್ತಿನ ಹೆಚ್ಚಿನ ಬಯಾಪ್ಸಿ ರಿಪೋರ್ಟುಗಳು ಈ ನೀಲಿ-ಗುಲಾಬಿ ನೋಡಿಯೇ ಬರೆದವು. ಈ ಬಣ್ಣದಲ್ಲಿ ಲೈಡಿಗ್ ಕೋಶ ಎದ್ದು ಕಾಣುತ್ತೆ. ಕಹಾಲ್ ಕೋಶ ಮಾತ್ರ ಗುಲಾಬಿ ಸ್ನಾಯುವಿನ ಪಟ್ಟಿಗಳ ನಡುವೆ ತೆಳ್ಳಗೆ ಕರಗಿ ಹೋಗುತ್ತೆ. ಇದೇ ಅದು ಅಂತ ಬೊಟ್ಟು ಮಾಡಿ ಹೇಳೋಕೆ ಆಗೋದಿಲ್ಲ.

ಅದು ಕಾಣಬೇಕಾದರೆ ಇನ್ನೊಂದು ಪರೀಕ್ಷೆ ಬೇಕು. ಕಿಟ್ ಪ್ರೋಟೀನಿಗೆ ಮಾತ್ರ ಹೋಗಿ ಅಂಟೋ ಪ್ರತಿಕಾಯ ಹಾಕಿ, ಅದು ಅಂಟಿದ ಕಡೆ ಕಂದು ಬಣ್ಣ ಬರೋ ಹಾಗೆ ಮಾಡ್ತಾರೆ. ಇಮ್ಯುನೊಹಿಸ್ಟೊಕೆಮಿಸ್ಟ್ರಿ, ಚಿಕ್ಕದಾಗಿ ಐಎಚ್‌ಸಿ. ಕಿಟ್‌ನ ಇನ್ನೊಂದು ಹೆಸರು ಸಿಡಿ117. ಇದನ್ನು ಹಾಕಿದ ಮೇಲೆ ಕರುಳಿನ ಎರಡು ಸ್ನಾಯುಪದರಗಳ ನಡುವೆ, ನರಗಳ ಗಂಟಿನ ಸುತ್ತ, ಕಂದು ಬಣ್ಣದ ಜೇಡರ ಬಲೆ ಎದ್ದು ಬರುತ್ತೆ. ಅಲ್ಲಲ್ಲಿ ಒಂಟಿಯಾಗಿ ದುಂಡನೆಯ ಕಂದು ಚುಕ್ಕೆಗಳೂ ಇರ್ತಾವೆ. ಅವು ಮಾಸ್ಟ್ ಕೋಶಗಳು, ಅವುಗಳಲ್ಲೂ ಕಿಟ್ ಇದೆ. ಅವು ಕಂದಾದರೆ ಬಣ್ಣ ಸರಿಯಾಗಿ ಹತ್ತಿದೆ ಅಂತ ನೋಡುವವರಿಗೆ ಖಾತ್ರಿ.

ಸರಿ, ಇದೆಲ್ಲ ನಮಗ್ಯಾಕೆ? ಯಾಕಂದರೆ ಈ ಎಡೆಕೋಶಗಳ ಜಾತಿಯಿಂದ ಒಂದು ಗಂಟು ಬೆಳೆಯುತ್ತೆ. ಇಂಗ್ಲಿಷಿನಲ್ಲಿ ಗ್ಯಾಸ್ಟ್ರೊಇಂಟೆಸ್ಟೈನಲ್ ಸ್ಟ್ರೋಮಲ್ ಟ್ಯೂಮರ್, ಎಲ್ಲರೂ ಕರೆಯೋದು ಜಿಸ್ಟ್ ಅಂತ. ಅರ್ಧಕ್ಕಿಂತ ಹೆಚ್ಚು ಬರೋದು ಜಠರದಲ್ಲಿ, ನಂತರ ಸಣ್ಣಕರುಳಿನಲ್ಲಿ. ನೀಲಿ-ಗುಲಾಬಿ ಬಣ್ಣದಲ್ಲಿ ಇದು ಸಾಮಾನ್ಯವಾಗಿ ಕದಿರಿನ ಆಕಾರದ ಉದ್ದನೆಯ ಕೋಶಗಳು ಕಟ್ಟು ಕಟ್ಟಾಗಿ, ಒಂದೇ ದಿಕ್ಕಿಗೆ ಹರಿಯೋ ನೀರಿನ ಹಾಗೆ ಕಾಣುತ್ತೆ. ಸ್ನಾಯುವಿನ ಗಂಟೂ ಹೆಚ್ಚು ಕಡಿಮೆ ಹಾಗೇ ಕಾಣುತ್ತೆ, ನರದ ಹೊದಿಕೆಯ ಗಂಟೂ ಹಾಗೇ. ಹೀಗಾಗಿ ದಶಕಗಟ್ಟಲೆ ಇವಕ್ಕೆಲ್ಲ ಸ್ನಾಯುವಿನ ಗಂಟು ಅಂತಲೇ ಹೆಸರು ಬರೆದು ಕಳಿಸಿದರು. ಬರೆದವರು ದಡ್ಡರಲ್ಲ. ಅವರ ಕೈಯಲ್ಲಿದ್ದ ಬಣ್ಣಕ್ಕೆ ಕಂಡದ್ದು ಅಷ್ಟೇ.

1998ರಲ್ಲಿ ಜಪಾನಿನ ಹಿರೋಟ ಮತ್ತು ಸಂಗಡಿಗರು, ಈ ಗಂಟುಗಳಲ್ಲಿ ಕಿಟ್ ಜೀನ್ ಕೆಟ್ಟು, ಯಾರೂ ಒತ್ತದಿದ್ದರೂ ಸ್ವಿಚ್ ಸದಾ ಆನ್ ಆಗಿ ಕೂತಿರೋದನ್ನು ತೋರಿಸಿದರು. ಸುಮಾರು 95% ಜಿಸ್ಟ್‌ಗಳು ಕಿಟ್ ಬಣ್ಣಕ್ಕೆ ಕಂದಾಗ್ತಾವೆ. ಇನ್ನುಳಿದವಕ್ಕೆ ಡಾಗ್1 ಅನ್ನೋ ಇನ್ನೊಂದು ಪರೀಕ್ಷೆ ನೆರವಿಗೆ ಬರುತ್ತೆ (ನಾಯಿಗೂ ಅದಕ್ಕೂ ಸಂಬಂಧವಿಲ್ಲ).

ಸ್ವಿಚ್ ಗೊತ್ತಾದ ಮೇಲೆ ಅದನ್ನು ಆರಿಸೋ ಮಾತ್ರೆಯೂ ಸಿಕ್ಕಿತು. ರಕ್ತದ ಕ್ಯಾನ್ಸರಿಗೆ ಅಂತ ತಯಾರಾಗ್ತಿದ್ದ ಇಮಾಟಿನಿಬ್ ಕಿಟ್ಟನ್ನೂ ತಡೆಯುತ್ತಿತ್ತು. 2000ದಲ್ಲಿ ಫಿನ್ಲೆಂಡಿನ ಹೆಲ್ಸಿಂಕಿಯಲ್ಲಿ, ಬೇರೆ ಯಾವ ದಾರಿಯೂ ಉಳಿದಿರದ ಒಬ್ಬ ಹೆಂಗಸಿಗೆ ಮೊದಲ ಸಲ ಕೊಟ್ಟರು. ವಾರಗಳಲ್ಲೇ ಸ್ಕ್ಯಾನಿನಲ್ಲಿ ಬದಲಾವಣೆ ಕಂಡಿತು. 2002ರಲ್ಲಿ ಪ್ರಕಟವಾದ ದೊಡ್ಡ ಪರೀಕ್ಷೆಯಲ್ಲಿ ಅರ್ಧಕ್ಕಿಂತ ಹೆಚ್ಚು ಜನರ ಗಂಟು ಕುಗ್ಗಿತು. ಅದಕ್ಕೆ ಮುಂಚಿನ ಕೀಮೋ ಔಷಧಿಗಳಿಗೆ ಹತ್ತರಲ್ಲಿ ಒಬ್ಬರೂ ಸ್ಪಂದಿಸ್ತಿರಲಿಲ್ಲ. ಆದರೆ ಇದೇ ಮಾತ್ರೆ ನಿಜವಾದ ಸ್ನಾಯುವಿನ ಕ್ಯಾನ್ಸರಿಗೆ ಕೆಲಸ ಮಾಡೋದಿಲ್ಲ. ಮೊದಲ ಬಣ್ಣದಲ್ಲಿ ಒಂದೇ ಥರ ಕಾಣೋ ಎರಡು ಗಂಟು, ಒಂದಕ್ಕೆ ಮಾತ್ರೆ ಇದೆ, ಇನ್ನೊಂದಕ್ಕೆ ಆ ಮಾತ್ರೆ ಇಲ್ಲ. ಎರಡನೇ ಬಣ್ಣ ಹಾಕದೆ ಹೋದರೆ ಯಾವುದು ಯಾವುದು ಅಂತ ತಿಳಿಯೋದು ಹೇಗೆ?

ನಮ್ಮ ದೇಶದ ಮಟ್ಟಿಗೆ ಇನ್ನೊಂದು ಕಥೆಯೂ ಇದೆ. ಇದೇ ಇಮಾಟಿನಿಬ್‌ನ ಒಂದು ಹರಳು ರೂಪಕ್ಕೆ ನೊವಾರ್ಟಿಸ್ ಕಂಪನಿ ಪೇಟೆಂಟ್ ಕೇಳಿತ್ತು. 2006ರಲ್ಲಿ ಚೆನ್ನೈನ ಪೇಟೆಂಟ್ ಕಚೇರಿ ಅದನ್ನು ನಿರಾಕರಿಸಿತು. ಕೇಸು ಸುಪ್ರೀಂ ಕೋರ್ಟಿನ ತನಕ ಹೋಗಿ, 2013ರ ಏಪ್ರಿಲ್ 1ರಂದು ಕಂಪನಿಯ ವಿರುದ್ಧ ತೀರ್ಪು ಬಂತು. ಹಳೆಯ ಔಷಧಿಯ ಹೊಸ ರೂಪಕ್ಕೆ, ಗುಣದಲ್ಲಿ ಹೆಚ್ಚುಗಾರಿಕೆ ಇಲ್ಲದಿದ್ದರೆ, ಪೇಟೆಂಟ್ ಇಲ್ಲ ಅನ್ನೋ 3(ಡಿ) ಕಲಮಿನ ಕಥೆ ಅದು. ಆಗಿನ ಪತ್ರಿಕಾ ವರದಿಗಳ ಪ್ರಕಾರ ಕಂಪನಿಯ ಮಾತ್ರೆಗೆ ತಿಂಗಳಿಗೆ ಒಂದು ಲಕ್ಷಕ್ಕೂ ಮೇಲೆ, ದೇಶಿ ಮಾತ್ರೆಗೆ ಹತ್ತು ಸಾವಿರದ ಆಸುಪಾಸು. ಕ್ಯಾನ್ಸರ್ ರೋಗಿಗಳ ಸಂಘಟನೆಯೊಂದು ಈ ಹೋರಾಟದಲ್ಲಿ ಕೊನೆಯ ತನಕ ನಿಂತಿತ್ತು. ಅಂದರೆ ಮಾತ್ರೆ ನಮ್ಮ ಮೆಡಿಕಲ್ ಶಾಪಿನ ತನಕ ಬರೋ ದಾರಿಯನ್ನು ಯಾರೋ ಬಹಳ ಕಷ್ಟಪಟ್ಟು ತೆರೆದಿಟ್ಟಿದ್ದಾರೆ. ಶಾಪಿನಿಂದ ರೋಗಿಯ ಬಾಯಿಯ ತನಕದ ಕೊನೇ ಮೈಲಿ ಮಾತ್ರ ಇಂಗ್ಲಿಷಿನಲ್ಲಿ ಸಿಕ್ಕಿಬಿದ್ದಿದೆ.

ಈಗ ನಮ್ಮ ಕಾಕಾನ ವಿಷಯ. ಹೊಟ್ಟೆನೋವು, ಕರೀ ಮಲ, ರಕ್ತ ಕಡಿಮೆ. ಎಂಡೊಸ್ಕೋಪಿ, ಸ್ಕ್ಯಾನು, ಜಠರದಲ್ಲಿ ಗಂಟು. ಆಪರೇಷನ್ ಆಯ್ತು (ಆಸ್ಪತ್ರೆಯ ಹೆಸರು ಬೇಡ, ಕತ್ತರಿಸಿ ಹೊಲಿದ ಕೆಲಸ ಚೊಕ್ಕವಾಗಿತ್ತು). ಮೊದಲ ರಿಪೋರ್ಟಿನಲ್ಲಿ ಮೂರು ಸಾಲು. ಸ್ಪಿಂಡಲ್ ಸೆಲ್ ನಿಯೋಪ್ಲಾಸಂ, ಅಡ್ವೈಸ್ ಐಎಚ್‌ಸಿ, ಕೆಳಗೊಂದು ಸಹಿ. ಕಾಕಾ ನನಗೆ ಫೋನ್ ಮಾಡಿ, "ಅದೇನ್ ಬರದಾರ ನೋಡಪ, ಕ್ಯಾನ್ಸರ್ ಹೌದೋ ಅಲ್ಲೋ?" ಅಂದ. ಆ ಮೂರು ಸಾಲಿನಲ್ಲಿ ಆ ಪ್ರಶ್ನೆಗೆ ಉತ್ತರವೇ ಇರಲಿಲ್ಲ. ಅಡ್ವೈಸ್ ಅಂದರೆ 'ಮಾಡಿಸಿದರೂ ಆದೀತು, ಬಿಟ್ಟರೂ ಆದೀತು' ಅಂತ ಮನೆಯಲ್ಲಿ ತಿಳಿದುಕೊಂಡಿದ್ದರು. ಎರಡನೇ ಪರೀಕ್ಷೆಗೆ ಬೇರೆ ದುಡ್ಡು ಬೇರೆ. ಅವರು ಅಲ್ಲಿಗೇ ಬಿಟ್ಟಿದ್ದರೆ ಯಾರೂ ಕೇಳ್ತಿರಲಿಲ್ಲ. ಬ್ಲಾಕನ್ನು ಇಸಿದುಕೊಂಡು ಬೇರೆ ಊರಿಗೆ ಒಯ್ದು ಮಾಡಿಸಿದೆವು. ಕಿಟ್ ಕಂದಾಯ್ತು. ಜಿಸ್ಟ್.

ಆ ಲ್ಯಾಬಿನ ಡಾಕ್ಟರಮ್ಮ ದೊಡ್ಡ ಮನಸ್ಸು ಮಾಡಿ ನನಗೂ ಎರಡು ಸ್ಲೈಡು ತೋರಿಸಿದರು. ಮೊದಲನೆಯದರಲ್ಲಿ ಬರೀ ಗುಲಾಬಿ ಹರಿವು, ನೀಲಿ ಕದಿರುಗಳು. ಎರಡನೆಯದರಲ್ಲಿ ಅದೇ ಜಾಗ, ಅದೇ ಹರಿವು, ಪೂರ್ತಿ ಕಂದು. ಪಕ್ಕದಲ್ಲಿದ್ದ ಜಠರದ ಸ್ನಾಯು ಮಾತ್ರ ಬಣ್ಣ ಹತ್ತದೆ ಮಾಸಲಾಗಿ ಕೂತಿತ್ತು. ಎರಡೇ ನಿಮಿಷ. ಅಷ್ಟರಲ್ಲಿ ನನಗೆ ತಿಳಿದದ್ದು ರಿಪೋರ್ಟನ್ನು ಇಪ್ಪತ್ತು ಸಲ ಓದಿದ್ದರೂ ತಿಳಿದಿರಲಿಲ್ಲ.

ಗಂಟು ದೊಡ್ಡದಿತ್ತು, ಒಡೆಯುತ್ತಿದ್ದ ಕೋಶಗಳೂ ಜಾಸ್ತಿ ಇದ್ದವು. ಮರಳಿ ಬರೋ ಸಾಧ್ಯತೆ ಹೆಚ್ಚು ಅಂತ ಮೂರು ವರ್ಷ ಇಮಾಟಿನಿಬ್ ಬರೆದರು. ದಿನಕ್ಕೊಂದು, ಊಟದ ಜೊತೆ. ಇದಕ್ಕೆ ಆಧಾರ 2012ರಲ್ಲಿ ಪ್ರಕಟವಾದ ಒಂದು ಅಧ್ಯಯನ. ಉತ್ತರ ಯುರೋಪಿನ ದೇಶಗಳು ಮತ್ತು ಜರ್ಮನಿಯಲ್ಲಿ 400 ಜನರನ್ನು ಸೇರಿಸಿ ಮಾಡಿದ್ದು. ಆಪರೇಷನ್ ಆದ ಮೇಲೆ ಒಂದು ವರ್ಷ ಮಾತ್ರೆ ತಿಂದವರಲ್ಲಿ ಐದು ವರ್ಷದ ನಂತರ ಬದುಕಿದ್ದವರು ಸುಮಾರು 82%, ಮೂರು ವರ್ಷ ತಿಂದವರಲ್ಲಿ 92%. ನೂರರಲ್ಲಿ ಹತ್ತು ಜನರ ವ್ಯತ್ಯಾಸ, ಬರೀ ಮಾತ್ರೆ ಬಿಡದೆ ತಿಂದದ್ದಕ್ಕೆ.

ಕಾಕಾ ಆರು ತಿಂಗಳಿಗೆ ಬಿಟ್ಟುಬಿಟ್ಟ! ಯಾರಿಗೂ ಹೇಳಲಿಲ್ಲ. ದುಡ್ಡಿನ ತೊಂದರೆ ಇರಲಿಲ್ಲ. ಕಣ್ಣು ಊದುತ್ತಿತ್ತು, ಹೊಟ್ಟೆ ತೊಳಸುತ್ತಿತ್ತು, ಅದೂ ನಿಜ. ಆದರೆ ಕೇಳಿದಾಗ ಅವನು ಕೊಟ್ಟ ಕಾರಣ ಬೇರೆ. "ಗಂಟ ತಗದು ಒಗದಾರಲ್ಲ ತಮ್ಮಾ, ಮತ್ತ ಗುಳಿಗಿ ಯಾಕ? ಮೈ ಚಲೋ ಅದ, ರೊಟ್ಟಿ ಸೇರ್ತದ." ತರ್ಕದಲ್ಲಿ ತಪ್ಪೇನಿದೆ ಹೇಳಿ? ಅವನ ಹತ್ತಿರ ಇದ್ದ ಮಾಹಿತಿಗೆ ಅದು ಸರಿಯಾದ ನಿರ್ಧಾರವೇ. ಆ ಫೈಲಿನಲ್ಲಿದ್ದ ಹನ್ನೆರಡು ಹಾಳೆಯಲ್ಲಿ ಒಂದೇ ಒಂದು ಸಾಲೂ ಅವನಿಗೆ ಇನ್ನೊಂದು ಮಾಹಿತಿ ಕೊಟ್ಟಿರಲಿಲ್ಲ.

ಅವನಿಗೆ ತಿಳಿದದ್ದು ಎಡೆ ಹೊಡೆಯೋ ಮಾತಿನಿಂದ. ಕಳೆ ಕಿತ್ತ ಮೇಲೂ ಮಣ್ಣಿನಲ್ಲಿ ಬೀಜ ಉಳಿದಿರುತ್ತೆ, ಕಣ್ಣಿಗೆ ಕಾಣೋದಿಲ್ಲ, ಮಳೆ ಬಿದ್ದರೆ ಮತ್ತೆ ಏಳುತ್ತೆ, ಗುಳಿಗೆ ಅಂದರೆ ಮೂರು ವರ್ಷ ಬಿಡದೆ ಎಡೆ ಹೊಡೆದ ಹಾಗೆ ಅಂದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, "ಇದನ್ನ ಮೊದಲೇ ಯಾಕ ಹೇಳಲಿಲ್ಲ ಅವರು?" ಅಂದ. ಎರಡು ತಿಂಗಳು ತಪ್ಪಿತ್ತು. ಡಾಕ್ಟರು ಮತ್ತೆ ಶುರು ಮಾಡಿಸಿದರು. ಆ ಎರಡು ತಿಂಗಳು ಏನು ಮಾಡಿದೆಯೋ ಮುಂದಿನ ಸ್ಕ್ಯಾನುಗಳು ಹೇಳಬೇಕು.

ಇದಕ್ಕೆ ಬರೋ ಆಕ್ಷೇಪಣೆಗಳು ನನಗೆ ಗೊತ್ತು.

ಡಾಕ್ಟರಿಗೆ ಟೈಮಿಲ್ಲ ಅಂತಾರೆ. ನಿಜ, ಓಪಿಡಿ ಸಾಲು ನೋಡಿದವರಿಗೆ ಗೊತ್ತು. ಅದಕ್ಕೇ ಮಾತಿನ ಬದಲು ಪುಟ ಕೇಳ್ತಿರೋದು. ಪ್ರತಿ ರೋಗಿಗೂ ಹೊಸದಾಗಿ ಬರೆಯೋದು ಬೇಕಿಲ್ಲ. ಸಾಮಾನ್ಯವಾಗಿ ಬರೋ ಐವತ್ತು ರೋಗನಿರ್ಣಯಕ್ಕೆ ಐವತ್ತು ಪುಟ ಒಮ್ಮೆ ಬರೆದಿಟ್ಟರೆ, ಅಳತೆ, ಎಣಿಕೆ, ನಂಬರು ತುಂಬಿಸೋದು ಕಂಪ್ಯೂಟರಿನ ಕೆಲಸ. ಇದು ಟೆಂಪ್ಲೇಟು ಸ್ವಾಮಿ, ರಾಕೆಟ್ ಸೈನ್ಸ್ ಅಲ್ಲ. ವೈದ್ಯರು ಒಮ್ಮೆ ತಿದ್ದಿ ಒಪ್ಪಿದರೆ ಸಾಕು.

ಕನ್ನಡದಲ್ಲಿ ಪದಗಳಿಲ್ಲ ಅಂತಾರೆ. ಜಿಸ್ಟ್ ಅನ್ನೋದನ್ನು ಜಿಸ್ಟ್ ಅಂತಲೇ ಇಡಿ, ಯಾರು ಬೇಡ ಅಂದರು? ಬೇಕಿರೋದು ಹೆಸರಿನ ಅನುವಾದ ಅಲ್ಲ, ಅರ್ಥದ ವಿವರಣೆ. ಎಡೆ, ಕದಿರು, ಬಲೆ, ಕಳೆ, ಸ್ವಿಚ್ಚು, ಇವೆಲ್ಲ ಇದ್ದಾವಲ್ಲ.

ರೋಗಿ ಹೆದರ್ತಾನೆ ಅಂತಾರೆ. ಈಗ ಹೆದರಿಕೆ ಇಲ್ಲವಾ? ಅರ್ಥವಾಗದ ಕಾಗದವನ್ನು ಜೆರಾಕ್ಸ್ ಅಂಗಡಿಯವನ ಹತ್ತಿರ, ಬಸ್ಸಿನಲ್ಲಿ ಪಕ್ಕ ಕೂತ ಕಾಲೇಜು ಹುಡುಗನ ಹತ್ತಿರ ಓದಿಸ್ತಾರೆ ಜನ. ಅದಕ್ಕಿಂತ ಹೆದರಿಕೆಯ ಸಂಗತಿ ಇದೆಯಾ? ನಾವು ಯೂಸರಿಗೆ ಬರೀ ಎರರ್ ಕೋಡ್ ತೋರಿಸಿ ಕೈ ತೊಳೆದುಕೊಂಡರೆ ಮಾರನೇ ದಿನ ಟೆಸ್ಟರ್ ನಮ್ಮ ಮೇಲೆ ಬಗ್ ಹಾಕ್ತಾನೆ. ಮನುಷ್ಯನ ಹೊಟ್ಟೆಯ ವಿಷಯದಲ್ಲಿ ಆ ಬಗ್ ಹಾಕೋರು ಯಾರು?

ಶುರು ಮಾಡೋಕೆ ನಮ್ಮ ಭಾಗವೇ ಸರಿಯಾದ ಜಾಗ ಅನ್ನಿಸುತ್ತೆ. ವಾಜಪೇಯಿ ಆರೋಗ್ಯಶ್ರೀ ಯೋಜನೆ 2010ರಲ್ಲಿ ಮೊದಲು ಶುರುವಾಗಿದ್ದು ಗುಲಬರ್ಗಾ ವಿಭಾಗದಲ್ಲೇ. 371ಜೆ ಬಂದ ಮೇಲೆ ಮೆಡಿಕಲ್ ಸೀಟುಗಳಲ್ಲಿ ನಮ್ಮ ಭಾಗದ ಮಕ್ಕಳಿಗೆ ಮೀಸಲಾತಿ ಬಂತು. ಆ ಮಕ್ಕಳಿಗೆ ತಮ್ಮ ಅಜ್ಜಿಗೆ ಅರ್ಥವಾಗೋ ಹಾಗೆ ಹೇಳೋದು ಗೊತ್ತು. ನಾಲ್ಕು ಮೆಡಿಕಲ್ ಕಾಲೇಜು ಇರೋ ಊರಿನಲ್ಲಿ ಐವತ್ತು ಪುಟ ಬರೆಯೋರು ಸಿಗೋದಿಲ್ಲ ಅಂದರೆ ನಾನು ನಂಬೋದಿಲ್ಲ.

ಅಲ್ಲಿಯ ತನಕ ನಾವು ಮಾಡಬಹುದಾದ್ದು ಸ್ವಲ್ಪ ಇದೆ. ಆಪರೇಷನ್ ಥಿಯೇಟರಿನಿಂದ ಡಬ್ಬಿಯನ್ನು ನಿಮ್ಮ ಕೈಗೇ ಕೊಟ್ಟು ಲ್ಯಾಬಿಗೆ ಒಯ್ಯಿರಿ ಅಂದರೆ, ಒಳಗಿರೋದು ಫಾರ್ಮಲಿನ್ನೇ ಹೌದಾ, ತುಂಡು ಪೂರ್ತಿ ಮುಳುಗಿದೆಯಾ ಅಂತ ಕೇಳಿ, ಅವತ್ತೇ ತಲುಪಿಸಿ. ಬರೀ ಸಲೈನಿನಲ್ಲಿ ಇಟ್ಟ ತುಂಡು ಕೊಳೆಯುತ್ತೆ. ವಾರಗಟ್ಟಲೆ ಫಾರ್ಮಲಿನ್‌ನಲ್ಲೇ ಬಿಟ್ಟರೂ ಎರಡನೇ ಬಣ್ಣ ಸರಿಯಾಗಿ ಹತ್ತದೇ ಹೋಗಬಹುದು. ರಿಪೋರ್ಟಿನಲ್ಲಿ ಐಎಚ್‌ಸಿ ಅಂತ ಕಂಡರೆ, ಇದರ ಫಲಿತಾಂಶದಿಂದ ಚಿಕಿತ್ಸೆ ಬದಲಾಗುತ್ತಾ ಅಂತ ಒಂದೇ ಪ್ರಶ್ನೆ ಕೇಳಿ. ಜಠರ, ಕರುಳಿನ ಗೋಡೆಯ ಗಂಟಿಗೆ ಸ್ಪಿಂಡಲ್ ಸೆಲ್ ಅಂತ ಬರೆದಿದ್ದರೆ, ಸಿಡಿ117 ಮಾಡಿದ್ದಾರಾ ಅಂತ ಕೇಳಿ. ಬೇರೆ ಕಡೆ ತೋರಿಸಬೇಕಾದರೆ ಬ್ಲಾಕು, ಸ್ಲೈಡು ಕೊಡಿ ಅಂತ ಲ್ಯಾಬಿನವರನ್ನು ಕೇಳಬಹುದು. ಅದರಲ್ಲಿ ಸಂಕೋಚ ಬೇಡ, ಅದು ನಿಮ್ಮದೇ ಮೈಯ ತುಂಡು.

ಬರೀ ಮಾತಾಡಿದರೆ ಆಗೋದಿಲ್ಲ ಅಂತ ಒಂದು ಪುಟ ನಾನೇ ಬರೆದು ನೋಡಿದೆ. ಡಾಕ್ಟರುಗಳು ತಿದ್ದಲಿ, ಇನ್ನೂ ಚೆನ್ನಾಗಿ ಬರೆಯಲಿ, ಬಳಸಲಿ.

"ನಿಮ್ಮ ಜಠರದ ಗೋಡೆಯಿಂದ ತೆಗೆದ ಗಂಟನ್ನು ಸೂಕ್ಷ್ಮದರ್ಶಕದಲ್ಲಿ ನೋಡಿದೆವು. ಇದು ಸ್ನಾಯುವಿನ ಗಂಟು ಅಲ್ಲ. ಜಠರಕ್ಕೆ ತಾಳ ಹಾಕುವ ಎಡೆಕೋಶಗಳ ಜಾತಿಯ ಗಂಟು. ಇಂಗ್ಲಿಷಿನ ಹೆಸರು ಜಿಸ್ಟ್. ಮೊದಲ ಬಣ್ಣದಲ್ಲಿ ಎರಡೂ ಒಂದೇ ಥರ ಕಾಣುವುದರಿಂದ ಕಿಟ್ ಎಂಬ ಎರಡನೇ ಪರೀಕ್ಷೆ ಮಾಡಿದೆವು, ಅದರಲ್ಲಿ ಖಚಿತವಾಯಿತು. ಗಂಟಿನ ಅಳತೆ ಇಷ್ಟು, ಒಡೆದು ಬೆಳೆಯುತ್ತಿರುವ ಕೋಶಗಳ ಎಣಿಕೆ ಇಷ್ಟು. ಇವನ್ನು ನೋಡಿದರೆ ಗಂಟು ಮರಳಿ ಬರುವ ಸಾಧ್ಯತೆ ಹೆಚ್ಚು. ಗಂಟನ್ನು ಪೂರ್ತಿ ತೆಗೆದಿದ್ದರೂ ಕಣ್ಣಿಗೆ ಕಾಣದ ಕೋಶಗಳು ಉಳಿದಿರಬಹುದು. ಮಾತ್ರೆ ಇರುವುದು ಅವಕ್ಕೆ. ಆರಾಮ ಅನ್ನಿಸಿದರೂ, ತೊಂದರೆ ಅನ್ನಿಸಿದರೂ, ಡಾಕ್ಟರನ್ನು ಕೇಳದೆ ಮಾತ್ರೆ ನಿಲ್ಲಿಸಬೇಡಿ. ನಿಮ್ಮ ಮೇಣದ ಬ್ಲಾಕು ನಮ್ಮಲ್ಲಿದೆ, ಅದರ ನಂಬರು ಇದು. ಬೇಕಾದಾಗ ಬಂದು ಕೇಳಿ."